ಮಾಸ್ತರರು ಮೀಸೆ ಹಚ್ಚದ ದಿನ

ಮಾಸ್ತರರ ಮೇಲ್ದುಟಿಯ ಮೇಲಿನ ತೊಗಲು ಸದಾ ಕೆಂಪಗೆ ಸುಲಿದಿರುತ್ತಿತ್ತು. ಅಂಟು ಹಚ್ಚಿ ಮೀಸೆ ಕೂಡಿಸುವುದು, ಕಿತ್ತು ತೆಗೆಯುವುದು, ಮತ್ತೆ ಬೇರೆ ಮೀಸೆ. ಅದಕ್ಕೆ ಆರಾಮ ಎಂಬುದೇ ಇರಲಿಲ್ಲ. ಅವ್ವ ಬಟ್ಟಲಲ್ಲಿ ಕೊಬ್ಬರಿ ಎಣ್ಣೆ ಕಳಿಸುತ್ತಿದ್ದಳು. ಬಟ್ಟಲು ತೊಳೆದು ತರುವಾಗ ಅವರು, "ಮೀಸಿ ಮಂದೀದು, ಉರಿ ನಂದು ನೋಡ್ರಿ" ಎಂದು ನಗುತ್ತಿದ್ದರು.

ಎಂಬತ್ತರ ದಶಕ ಅದು. ಕಲಬುರಗಿಯ ಸೇಡಂ ರಸ್ತೆಯ ನಮ್ಮ ಮನೆಯ ಮುಂದಿನ ಕೋಣೆಯಲ್ಲಿ ಅವರು ಬಾಡಿಗೆಗಿದ್ದರು. ಊರು ಕಮಲಾಪುರ, ಇಲ್ಲಿನ ಶಾಲೆಯಲ್ಲಿ ಚಿತ್ರಕಲೆ ಕಲಿಸುವ ಕೆಲಸ. ನನಗೆ ಗೆರೆ ಎಳೆಯಲು ಕಲಿಸಿದವರೂ ಅವರೇ. ಆದರೆ ಅವರ ಜೀವ ಇದ್ದದ್ದು ಟಿ.ವಿ.ಯಲ್ಲಿ. ಕಲಬುರಗಿಯ ಕೇಂದ್ರದಿಂದ ಬರುತ್ತಿದ್ದ ಸಂಜೆ ಕಾರ್ಯಕ್ರಮದಲ್ಲಿ ತಿಂಗಳಿಗೊಮ್ಮೆ ಒಬ್ಬರೇ ಕೂತು, "ನಾನ್ಯಾರಂದ್ರ..." ಎಂದು ಶುರುಮಾಡುತ್ತಿದ್ದರು. ಒಮ್ಮೆ ಅತ್ತರು ಮಾರುವ ಸಾಹೇಬ, ಒಮ್ಮೆ ಊರ ಲೆಕ್ಕ ಬರೆಯುವ ಹಳೆಯ ಪಟವಾರಿ, ಇನ್ನೊಮ್ಮೆ ತೊಗರಿ ಸಾವುಕಾರ. ಆಯಾ ಮನುಷ್ಯನ ಹಟ, ಸಂಕಟ ಎಲ್ಲ ಅವರ ಬಾಯಲ್ಲಿ. ಓಣಿಮಂದಿಯೆಲ್ಲ ನಮ್ಮ ಮನೆಯಲ್ಲಿ ಕೂತು ನೋಡುತ್ತಿದ್ದರು. ಕಾರ್ಯಕ್ರಮ ಮೊದಲೇ ರೆಕಾರ್ಡ್ ಆಗಿರುತ್ತಿತ್ತು, ಆದರೂ ಅವರು ಮಾತ್ರ ಕೋಣೆ ಬಿಟ್ಟು ಬರುತ್ತಿರಲಿಲ್ಲ. ತಮ್ಮನ್ನು ತಾವೇ ನೋಡಿಕೊಳ್ಳಲು ನಾಚಿಕೆಯಂತೆ. ಅಪ್ಪನಿಗಂತೂ ಪಟವಾರಿ ಎಂದರೆ ಪ್ರಾಣ. ಅದನ್ನು ನೋಡಿದ ಮರುದಿನ ಮಾಸ್ತರರನ್ನು ಪಕ್ಕದಲ್ಲಿ ಕೂಡಿಸಿಕೊಂಡೇ ಉಂಡಿದ್ದ.

"ಹೆಸರು ಬದಲಾದ್ರ, ಮಂದಿ ಕುರ್ಚಿ ಕೊಡೋ ರೀತೀನೂ ಬದಲಾಗ್ತದವ್ವ" ಎಂದು ಒಮ್ಮೆ ನನಗೆ ಹೇಳಿದ್ದರು.

ಒಂದು ತಿಂಗಳ ಕಾರ್ಯಕ್ರಮದಲ್ಲಿ ಅವರು ಮೀಸೆ ಇಲ್ಲದೆ, ಶಾಲೆಗೆ ಹೋಗುವ ಅಂಗಿಯಲ್ಲೇ ಟಿ.ವಿ.ಯಲ್ಲಿ ಕಾಣಿಸಿದರು. "ನಾನ್ಯಾರಂದ್ರ" ಎಂದವರು ತಮ್ಮದೇ ಹೆಸರು ಹೇಳಿದರು. ಕಮಲಾಪುರದ ದಲಿತ ಕೇರಿಯಲ್ಲಿ ಹುಟ್ಟಿದ್ದು, ಬಾಡಿಗೆಗೆ ಕೋಣೆ ಸಿಗಲೆಂದು ಅದನ್ನು ಮುಚ್ಚಿಟ್ಟಿದ್ದು, ಎಲ್ಲ ಹೇಳಿದರು. "ಇದನ್ನ ಹೇಳಲಿಲ್ಲಂದ್ರ ನಾ ಹಾಕಿದ ವೇಷ ಎಲ್ಲಾ ಸುಳ್ಳಾಗ್ತಾವ" ಎನ್ನುವಷ್ಟರಲ್ಲಿ ಅವ್ವ ಎದ್ದು ಟಿ.ವಿ. ಆರಿಸಿದಳು. ಓಣಿಮಂದಿ ಚಪ್ಪಲಿ ಮೆಟ್ಟಿಕೊಂಡು ಹೋದರು. ಗೋಡೆಯಾಚೆ ಮಾಸ್ತರರಿಗೆ ಎಲ್ಲವೂ ಕೇಳಿಸಿರಬೇಕು.

ಮರುದಿನ ಅವರು ಬಟ್ಟಲು ತಂದರು. ಅವ್ವ ಒಳಗಿನಿಂದಲೇ, "ಅದು ನಿಮ್ಮ ಹತ್ರಾನೇ ಇರ್ಲಿ ಬಿಡ್ರಿ" ಎಂದಳು. ಅಪ್ಪ ನೆಲ ನೋಡುತ್ತ, "ಬೀಗರು ಬರೋರಿದ್ದಾರ ಮಾಸ್ತರ, ಖೋಲಿ ಖಾಲಿ ಮಾಡಬೇಕಾಗ್ತದ" ಎಂದ.

"ಎಷ್ಟು ಮಂದಿ ಆಗಿ ಬಂದೀನ್ರಿ, ಎಲ್ಲಾರೂ ನಿಮಗ ಪಸಂದ್ ಬಿದ್ರು. ನಾ ಬಂದ್ರ ಒಂದಿನ ಸೈತ ಇಟ್ಕೊಳ್ಳಲಿಲ್ಲ" ಎಂದರು ಮಾಸ್ತರರು. ದನಿಯಲ್ಲಿ ಸಿಟ್ಟಿರಲಿಲ್ಲ.

ನಾನು ಅಲ್ಲೇ ಇದ್ದೆ. ಕಾಲೇಜು ಕಲಿಯುತ್ತಿದ್ದವಳು, ಮನೆಯಲ್ಲಿ ಬಾಯಿಬಡುಕಿ ಎಂದು ಹೆಸರಾದವಳು. ಒಂದು ಮಾತೂ ಆಡಲಿಲ್ಲ. ಆ ನಾಚಿಕೆ ಇವತ್ತಿಗೂ ಹೋಗಿಲ್ಲ.

ಅವರು ಮತ್ತೆ ಟಿ.ವಿ.ಯಲ್ಲಿ ಬರಲಿಲ್ಲ. ಕಮಲಾಪುರದಿಂದಲೇ ಬಸ್ಸಿನಲ್ಲಿ ಶಾಲೆಗೆ ಓಡಾಡುತ್ತಿದ್ದಾರೆಂದು ಕೇಳಿದ್ದೆ. ಎಷ್ಟೋ ವರ್ಷಗಳ ಮೇಲೆ ಅವರು ತೀರಿಕೊಂಡ ಸುದ್ದಿ ಬಂತು. ಆಗ ನಾನೂ ಚಿತ್ರಕಲೆಯ ಟೀಚರ್, ಅವರು ಕಲಿಸಿದ್ದರಲ್ಲೇ ಅನ್ನ ಉಣ್ಣುತ್ತಿದ್ದೆ. ಕಮಲಾಪುರಕ್ಕೆ ಹೋದೆ. ಬಾಗಿಲಲ್ಲಿ ಅವರ ಅಕ್ಕ ಕೂತಿದ್ದಳು.

"ನೀ ಯಾರವ್ವ?"

"ಮಾಸ್ತರ ಶಿಷ್ಯೆ ರೀ, ಕಲಬುರಗಿಯಿಂದ ಬಂದೀನಿ."

"ಅಲ್ಲಿ ನನ್ನ ತಮ್ಮಗ ಮನಿ ಬಿಡಿಸಿದ್ರಲ್ಲ, ಆ ಮಂದಿ ಯಾರಂತ ನಿನಗ ಗೊತ್ತದೇನು?"

ಗೊತ್ತಿಲ್ಲ ಎಂದೆ. ಆಕೆ ನನ್ನ ಕೈ ಹಿಡಿದು ಒಳಗೆ ಕರೆದೊಯ್ದು, ಕುರ್ಚಿ ಹಾಕಿ, ಚಹಾ ಕೊಟ್ಟಳು.