ಫ್ರೀಜರಿನಲ್ಲಿದ್ದ ರೀಲು

ಮೊನ್ನೆ ಮಗಳು ಫೋನು ಮಾಡಿ, ಕಾಲೇಜಿನಲ್ಲಿ ಸಿಲ್ವಿಯ ಸಿನಿಮಾ ತೋರಿಸಿದರೆಂದಳು. "ಪಪ್ಪಾ, ಕೊನೇಲಿ ಸ್ಕ್ರೀನ್ ಪೂರ್ತಿ ಬಿಳಿ ಆಗತ್ತೆ, ಅವರಮ್ಮನ ವಾಯ್ಸ್ ಮಾತ್ರ ಕೇಳ್ಸತ್ತೆ. ಎಷ್ಟು ಬ್ರೇವ್ ಅಲ್ವಾ!"

ಎರಡು ಸಾವಿರದ ಇಸವಿ ದಾಟಿದ ಮೊದಲ ವರ್ಷಗಳಲ್ಲಿ, ನಾವಿದ್ದ ಲುಂಡ್ ಎಂಬ ಪರದೇಶದ ಊರಿನಲ್ಲಿ, ಸಿಲ್ವಿ ನಮ್ಮ ಪಕ್ಕದ ಮನೆಯವಳು. ಫ್ರಾನ್ಸಿನವಳು. ಯಾವ ನಿರ್ಮಾಪಕನಿಗೂ ಸಲಾಮು ಹೊಡೆಯದೆ, ತಾನೇ ಬರೆದು, ಸೈಕಲ್ಲಿನ ಬುಟ್ಟಿಯಲ್ಲಿ ಕ್ಯಾಮೆರಾ ಹೊತ್ತು, ಇಪ್ಪತ್ತು ವರ್ಷದಲ್ಲಿ ನಾಲ್ಕೇ ಸಿನಿಮಾ ಮಾಡಿದ ಹಟಮಾರಿ. ಐದನೆಯದು ಅವಳ ತಾಯಿಯ ಬಗ್ಗೆ. ಊರಿಗೆ ಹೋಗಿ ಚಿತ್ರೀಕರಿಸಿಕೊಂಡು ಬಂದಳು. ಕೊನೆಯ ರೀಲನ್ನು ಲ್ಯಾಬಿನಲ್ಲಿ ತೊಳೆಸುವ ಮೊದಲೇ ತಾಯಿ ತೀರಿಕೊಂಡರು. ತೊಳೆಸದ ರೀಲು ತಣ್ಣಗಿರಬೇಕು, ಅವಳ ಫ್ರಿಜ್ಜೋ ಕೆಟ್ಟಿತ್ತು. ಆ ರೀಲನ್ನು ನಮ್ಮ ಫ್ರೀಜರಿನಲ್ಲಿಟ್ಟು, "ಬೆಳಕು ಮಾತ್ರ ತಾಗಬಾರದು" ಎಂದು ತಾಯಿಯನ್ನು ಮಣ್ಣು ಮಾಡಲು ಹೊರಟಳು. "ಕಣ್ಣಲ್ಲಿ ಕಣ್ಣಿಟ್ಟು ನೋಡ್ಕೋತೀನಿ" ಎಂದೆ, ಮಹಾ ಜವಾಬ್ದಾರಿಯ ಮನುಷ್ಯ!

ನಮ್ಮವರ ಫ್ರೀಜರಿನ ಸಂಗತಿ ನಿಮಗೆ ಗೊತ್ತಲ್ಲ. ಐಸ್‌ಕ್ರೀಮ್ ಡಬ್ಬದಲ್ಲಿ ದೋಸೆ ಹಿಟ್ಟು, ಬಿಸ್ಕತ್ ಡಬ್ಬದಲ್ಲಿ ಕಾಯಿತುರಿ. ಡಬ್ಬದ ಮೇಲಿನ ಚಿತ್ರ ನಂಬಿದವನು ಕೆಟ್ಟ. ಆ ಭಾನುವಾರ ಊಟಕ್ಕೆ ಗೆಳೆಯರು ಬರುವವರಿದ್ದರು. "ರೀ, ಚಟ್ನಿಗೆ ಕಾಯಿತುರಿ ತೆಗೀರಿ, ರೌಂಡ್ ಡಬ್ಬ!" ಎಂದು ಹೆಂಡತಿ ಕೂಗಿದಳು. ಕೈಗೆ ಸಿಕ್ಕ ದುಂಡು ಡಬ್ಬದ ಟೇಪು ಕಿತ್ತೆ, ಒಳಗಿನ ಕಪ್ಪು ಕವರನ್ನೂ ಬಿಚ್ಚಿದೆ. ಕಿಟಕಿಯ ತುಂಬ ಜೂನ್ ತಿಂಗಳ ಬಿಸಿಲು. ಅಯ್ಯೋ ಎಂದು ಮುಚ್ಚುವಷ್ಟರಲ್ಲಿ ಆಗಬಾರದ್ದು ಆಗಿಹೋಗಿತ್ತು.

ಅವಳು ಬರುವವರೆಗಿನ ಒಂಬತ್ತು ದಿನ ಅನ್ನ ಸೇರಲಿಲ್ಲ. ಬಾಯಿ ಮುಚ್ಚಿಕೊಂಡಿದ್ದರೆ ರೀಲು ತೊಳೆಯುವವರ ತಪ್ಪೆಂದು ಸಾಗಿಹೋಗುತ್ತಿತ್ತು. ಆ ಯೋಚನೆಯನ್ನೂ ಮಾಡಿದ್ದೆ, ಸುಳ್ಳೇಕೆ? ಕೊನೆಗೆ ಬಾಗಿಲಲ್ಲೇ ಹೇಳಿಬಿಟ್ಟೆ. ಬೈಯಲಿಲ್ಲ ಮಾರಾಯರೆ, ಬೈದಿದ್ದರೆ ಬದುಕುತ್ತಿದ್ದೆ. ಡಬ್ಬವನ್ನು ಎದೆಗವಚಿಕೊಂಡು ಹೊರಟುಹೋದಳು.

ತೊಳೆಸಿದಾಗ ರೀಲಿನ ಒಳಸುತ್ತುಗಳು ಉಳಿದಿದ್ದವು. ಹೊರಸುತ್ತು, ಎಂದರೆ ತಾಯಿ ಕೊನೆಗೊಮ್ಮೆ ಕ್ಯಾಮೆರಾದತ್ತ ತಿರುಗಿ ಮಾತಾಡಿದ ಭಾಗ, ಪೂರ್ತಿ ಬಿಳಿ. ದನಿ ಬೇರೆ ಟೇಪಿನಲ್ಲಿದ್ದುದರಿಂದ ಉಳಿಯಿತು.

ಮೊದಲ ಪ್ರದರ್ಶನದಲ್ಲಿ ಆ ಬಿಳುಪು ಬಂದಾಗ ನಾನು ಕುರ್ಚಿಯ ತುದಿಯಲ್ಲಿ ಬೆವರುತ್ತಿದ್ದೆ. ಜನ ಎದ್ದು ನಿಂತು ಚಪ್ಪಾಳೆ ತಟ್ಟಿದರು. ಹೊರಗೆ ಬಂದ ಸಿಲ್ವಿ ನನಗಷ್ಟೇ ಕೇಳುವಂತೆ ಹೇಳಿದಳು: "ಎಲ್ಲರಿಗೂ ಹಿಡಿಸಿತು. ನನಗೆ ಮಾತ್ರ ಅಮ್ಮನ ಮುಖ ಬೇಕಿತ್ತು."

ಇಷ್ಟು ವರ್ಷ ನುಂಗಿಕೊಂಡಿದ್ದನ್ನು ಮೊನ್ನೆ ಮಗಳಿಗೆ ಹೇಳಿದೆ.

"ಪಪ್ಪಾ, ಆ ಎಂಡಿಂಗ್ ಮೇಲೇ ನಾನು ಎಸ್ಸೇ ಬರೀಬೇಕು. ಈಗ ಏನಂತ ಬರೀಲಿ?"

"ಅಲ್ಲೊಂದು ಮುಖ ಇತ್ತು ಅಂತ ಬರಿ" ಎಂದೆ.