ಹಾಲಮ್ಮ ತೆಗೆದ ಫೋಟೋ

ಈ ಸಲ ಬದನೆಕಾಯಿ ಬಣ್ಣವಂತೆ. ಶಾಲೆಯ ವಾರ್ಷಿಕೋತ್ಸವಕ್ಕೆ ನಾವು ಟೀಚರುಗಳೆಲ್ಲ ಒಂದೇ ಥರದ ಸೀರೆ ಉಡುವುದು ನಿಮಗೂ ಗೊತ್ತಿರುವ ಹುಚ್ಚೇ. ಬೆಳಿಗ್ಗೆ ಗ್ರೂಪಿನಲ್ಲಿ ಸುದ್ದಿ ಬಂದದ್ದೇ ತಡ, ಎಲ್ಲರಿಗಿಂತ ಮೊದಲು ಹೆಬ್ಬೆರಳು ಒತ್ತಿದವಳು ನಾನು. ಹೋದ ವರ್ಷದ ಸೀರೆ ನೋಡೋಣವೆಂದು ಮೊಬೈಲು ತಡಕಿದರೆ ಹಾಲಮ್ಮನ ಮುಖ ಬಂತು.

ಹಾಲಮ್ಮ ನಮ್ಮ ಶಾಲೆಯ ಬಿಸಿಯೂಟದ ಅಡುಗೆಯವರು. ನಾನು ಜಗಳೂರಿನಿಂದ ವರ್ಗವಾಗಿ ನ್ಯಾಮತಿಗೆ ಬಂದ ಹೊಸದರಲ್ಲಿ ಸ್ಟಾಫ್ ರೂಮಿನಲ್ಲಿ ನನ್ನನ್ನು ಮಾತಾಡಿಸುವವರೇ ಇರಲಿಲ್ಲ. "ಒಬ್ರೇ ಉಣ್ಣಬಾರದು ಟೀಚರ್, ಇಲ್ಲೇ ಬರ್ರಿ" ಎಂದು ಅಡುಗೆಕೋಣೆಯಲ್ಲಿ ಮಣೆ ಹಾಕಿದವರು ಅವರು. ಮೂರು ತಿಂಗಳು ಅಲ್ಲೇ ಡಬ್ಬಿ ಬಿಚ್ಚಿದೆ. ಹಾಗಾಗಿ ಹೋದ ವರ್ಷ ಗಿಳಿಹಸಿರು ಸೀರೆಯ ಮಾತು ಬಂದಾಗ, ನೀವೂ ತಗೊಳ್ರಿ ಅಕ್ಕಾ, ಜೊತೆಗೆ ನಿಲ್ಲೋಣ ಎಂದಿದ್ದೆ. ಪಾಪ, ಹೊನ್ನಾಳಿಗೆ ಬಸ್ಸು ಹತ್ತಿ, ಅದೇ ಅಂಗಡಿ ಹುಡುಕಿ ಅದೇ ಸೀರೆ ತಂದರು.

ವಾರ್ಷಿಕೋತ್ಸವದ ದಿನ ಹೂ ಮುಡಿದು ನಮ್ಮ ಸಾಲಿನ ಕೊನೆಗೆ ಬಂದು ನಿಂತರು. ಹಿರಿಯ ಟೀಚರೊಬ್ಬರು ನನ್ನ ಕಿವಿಯಲ್ಲಿ, ಇವರಿಗೆ ಯಾರು ಹೇಳಿದ್ದು ಅಂದರು. ನನಗೇನು ಗೊತ್ತು ಅಂದೆ. ಅಷ್ಟಕ್ಕೇ ಬಿಡಬಹುದಿತ್ತು. ಯಾರೂ ಕೇಳದೆ, ನಾನಾಗಿಯೇ ನನ್ನ ಮೊಬೈಲನ್ನು ಹಾಲಮ್ಮನ ಕೈಗಿಟ್ಟೆ.

"ಅಕ್ಕಾ, ನಮ್ದೊಂದು ಫೋಟೋ ತೆಗೀರಿ."

ಒಂದು ಗಳಿಗೆ ನನ್ನನ್ನೇ ನೋಡಿದರು. ಆಮೇಲೆ ಸಾಲು ಬಿಟ್ಟು ಎದುರಿಗೆ ಹೋಗಿ ಒತ್ತಿದರು. ಕ್ಯಾಮೆರಾ ಅವರ ಕಡೆಗೇ ತಿರುಗಿತ್ತೇನೋ, ಮೊದಲಿನದರಲ್ಲಿ ಅವರದೇ ಮುಖ ಬಿದ್ದಿದೆ, ಹೆಗಲ ಮೇಲೆ ಗಿಳಿಹಸಿರು ಸೆರಗು. ಎರಡನೆಯದರಲ್ಲಿ ನಾನು ಸಾಲಿನ ಮಧ್ಯದಲ್ಲಿ ಹಲ್ಲು ಕಿರಿಯುತ್ತಿದ್ದೇನೆ. ಥೂ, ನನ್ನ ಮುಖ ನನಗೇ ನೋಡಲಾಗಲಿಲ್ಲ.

ಇವತ್ತು ಮಧ್ಯಾಹ್ನ, ವರ್ಷದ ಮೇಲೆ, ಡಬ್ಬಿ ಹಿಡಿದು ಅಡುಗೆಕೋಣೆಗೆ ಹೋದೆ. ಅವತ್ತು ನಾನು ಮಾಡಿದ್ದು ತಪ್ಪು, ಈ ಸಲ ಫೋಟೋ ನಾನು ತೆಗೀತೀನಿ, ನೀವು ಆ ಸೀರೆ ಉಟ್ಟು ನಿಲ್ರಿ ಅಂದೆ. ಹಾಲಮ್ಮ ಸಾರು ತಿರುವುತ್ತಲೇ ಇದ್ದರು.

"ಅದನ್ನ ಕೌದಿಗೆ ಹಾಕಿ ಹೊಲಿದ್ನಲ್ಲ ಟೀಚರ್. ಉಡಾಕೆ ಮನಸ್ಸು ಬರ್ಲಿಲ್ಲ. ಹೊದಿಯಾಕೆ ಚೆನ್ನಾಗೈತೆ."

ಮಣೆ ಗೋಡೆಗೆ ಒರಗಿತ್ತು. ಅವರು ಹಾಕಲಿಲ್ಲ, ನಾನೇ ಹಾಕಿಕೊಂಡು ಕೂತೆ. ಸ್ಟಾಫ್ ರೂಮಿನಿಂದ ಯಾರೋ, ಎಲ್ಲಿದ್ದೀರಿ ಟೀಚರ್ ಎಂದು ಕೂಗಿದರು. ಹಾಲಮ್ಮನ ಜೊತೆ ಉಣ್ತಿದ್ದೀನಿ ಎಂದು ಎಲ್ಲರಿಗೂ ಕೇಳುವ ಹಾಗೆ ಹೇಳಿದೆ. ಅಷ್ಟು ಹೇಳುವುದಕ್ಕೆ ನನಗೆ ಒಂದು ವರ್ಷ ಹಿಡಿಯಿತು.