ಸುಡದೆ ಉಳಿದ ನೂಲು

ಕಳೆದ ವಾರ ಹಳೆಯ ಟ್ರಂಕು ಕೆದಕುವಾಗ ಸೀರೆಗಳ ತಳದಲ್ಲಿ ಒಂದು ಕಾಗದದ ಪೊಟ್ಟಣ ಸಿಕ್ಕಿತು. ಬಿಚ್ಚುವ ಮೊದಲೇ ಗಂಜಿಯ ಹುಳಿ ವಾಸನೆ ಬಂತು. ಒಳಗೇನಿದೆ ಎಂದು ನನಗೆ ಗೊತ್ತಿತ್ತು. ಗೊತ್ತಿದ್ದೂ ಬಿಚ್ಚಿದೆ... ಒಂದು ಹಿಡಿ ಕೆಂಪು ನೂಲು, ಪ್ರತಿ ಎಳೆಯ ನಡುಮಧ್ಯದಲ್ಲಿ ಒಂದು ಸಣ್ಣ ಗಂಟು.

ನಾನು ನರಗುಂದದಿಂದ ಗಜೇಂದ್ರಗಡಕ್ಕೆ ಸೊಸೆಯಾಗಿ ಬಂದಾಗ ಪಕ್ಕದ ಮನೆಯಲ್ಲಿ ನಾನು ಕಾಕು ಎಂದು ಕರೆಯುತ್ತಿದ್ದ ಹಿರಿಯ ಹೆಂಗಸೊಬ್ಬರು ಇದ್ದರು. ಗಂಡ ತೀರಿಹೋಗಿದ್ದ, ಇದ್ದವಳು ಮಗಳೊಬ್ಬಳೇ. ಇಬ್ಬರೂ ಸೀರೆ ನೇಯುತ್ತಿದ್ದರು. ನೇಕಾರರು ಮಗ್ಗವನ್ನು ಪೂರ್ತಿ ಬರಿದು ಮಾಡುವುದಿಲ್ಲ. ಹಾಸು, ಅಂದರೆ ಮಗ್ಗಕ್ಕೆ ಉದ್ದಕ್ಕೆ ಕಟ್ಟಿದ ನೂಲು, ಮುಗಿಯುತ್ತ ಬಂದಾಗ ಅದರ ತುದಿಯನ್ನು ಮಗ್ಗದಲ್ಲೇ ಉಳಿಸಿ, ಬೆರಳಿಗೆ ಬೂದಿ ಹಚ್ಚಿಕೊಂಡು, ಹೊಸ ಹಾಸಿನ ಎಳೆಗಳನ್ನು ಒಂದೊಂದಾಗಿ ಅದಕ್ಕೆ ಗಂಟು ಹಾಕುತ್ತಾರೆ. ಅದರಲ್ಲಿ ಮಗಳ ಕೈ ಬಹಳ ಚುರುಕು. ಕೆಂಪು ಹಾಸೊಂದಕ್ಕೆ ಗಂಟು ಹಾಕಿ ಮುಗಿಸಿದ ವಾರದಲ್ಲೇ ಜ್ವರ ಬಂದು ಅವಳು ಹೋಗಿಬಿಟ್ಟಳು. ಗಂಟುಗಳು ಮಗ್ಗದ ಮೇಲೆ ಹಾಗೇ ನಿಂತವು. ಕಾಕು ಮತ್ತೆ ಲಾಳಿ ಮುಟ್ಟಲಿಲ್ಲ.

ಆಮೇಲೆ ಬರಿದಿನವರು ಎಂಬ ಪಂಥದವರು ಬಂದರು. ಮುಶಿಗೇರಿ ಕಡೆಯ ಪಾಳು ತೋಟವೊಂದರಲ್ಲಿ ಸೇರುತ್ತಿದ್ದ ಹತ್ತು ಹನ್ನೆರಡು ಜನ. ದೇವರಿಲ್ಲ, ಮಂತ್ರವಿಲ್ಲ, ಖಾಲಿ ತಂಬಿಗೆ ಎದುರಿಗಿಟ್ಟುಕೊಂಡು ಅದರೊಳಗೆ ನೋಡುತ್ತ ಕೂಡುವುದಷ್ಟೇ. ಅಮಾವಾಸ್ಯೆಗೊಂದರಂತೆ ಮನೆಯ ಸಾಮಾನು ಹೊರಗೆ ಹಾಕಬೇಕು, ತಿರುಗಿ ಬೇಡಬಾರದು. ಹಿಡಿಯಲು ಏನೂ ಉಳಿಯದಾದಾಗ ಅರಿವು ತಾನಾಗಿ ಬೆಳಗುತ್ತದೆ ಎಂಬುದು ಅವರ ನಂಬಿಕೆ. ಮಗಳಿಲ್ಲದ ಮನೆಯಲ್ಲಿ ಕೂತ ಕಾಕುಗೆ ಆ ಮಾತು ಹಿಡಿಸಿತು.

ಹೊರಗೆ ಬಿದ್ದದ್ದೆಲ್ಲ ನಮ್ಮ ಮನೆಗೇ ಬಂತು. ಒರಳು, ಹಿತ್ತಾಳೆ ಹಂಡೆ, ಮಂಚ... ನಾನೂ ಬೇಡ ಎನ್ನಲಿಲ್ಲ. ಕಸ ಗುಡಿಸುವ ಕೆಲಸ ಹಗುರಾಯಿತಲ್ಲ ಎಂದು ಅವರನ್ನು ಚೇಷ್ಟೆ ಬೇರೆ ಮಾಡಿದೆ. ಈಗಲೂ ಚಟ್ನಿ ಅರೆಯುವುದು ಆ ಒರಳಿನಲ್ಲೇ. ಪ್ರತಿ ಸಲ ನಾಚಿಕೆಯಾಗುತ್ತದೆ.

ಕೊನೆಗೆ ಮಗ್ಗದ ಮೇಲಿನ ನೂಲಿನ ಸರದಿ ಬಂತು. ಒಂದು ಮಧ್ಯಾಹ್ನ ನನ್ನನ್ನು ಕರೆದು ಕತ್ತರಿ ಕೈಗಿಟ್ಟರು.

"ನನ್ನ ಕೈ ಏಳವೊಲ್ದು. ನೀನ ಕತ್ತರಸವಾ. ಒಲಿಗೆ ಹಾಕ್ತೀನಂತ ಆಣಿ ಮಾಡು."

ಆಣೆ ಮಾಡಿದೆ. ಗಂಟುಗಳ ಆಚೆ ಈಚೆ ಕತ್ತರಿಸಿ ಮನೆಗೆ ತಂದು ಒಲೆಯ ಮುಂದೆ ಕೂತೆ. ಆ ಹುಡುಗಿಯ ಬೆರಳ ಬೂದಿ ಗಂಟುಗಳಲ್ಲಿ ಇನ್ನೂ ಇತ್ತು. ಸುಡಲು ಮನಸ್ಸು ಬರಲಿಲ್ಲ. ಟ್ರಂಕಿನಲ್ಲಿಟ್ಟೆ.

ಅಂದಿನಿಂದ ಪಕ್ಕದ ಮನೆಯಲ್ಲಿ ಹಾಡುಹಗಲೇ ಮಗ್ಗದ ಸಪ್ಪಳ ಶುರುವಾಯಿತು. ಉಳಿದ ಹಾಸೂ ಹೊರಗೆ ಬಿದ್ದು ಒಂದೆಳೆ ನೂಲಿಲ್ಲದ ಮಗ್ಗ. ಕಾಕು ಅದರ ಕುಣಿಯಲ್ಲಿ ಕಾಲಿಳಿಸಿ ಕೂತು ಸುಮ್ಮನೆ ತುಳಿಯುತ್ತಿದ್ದರು. ಅರಿವು ಬಂತೇ ಎಂದು ಕೇಳುವ ಧೈರ್ಯ ನನಗಿರಲಿಲ್ಲ. ಸಪ್ಪಳ ನಡೆದರೂ ಭಯ, ನಿಂತರೂ ಭಯ.

ಒಂದು ದಿನ ಅದು ನಿಂತಿತು. ಕಾಕು ನಮ್ಮ ಹಿತ್ತಲ ಬಾಗಿಲಿಗೆ ಬಂದರು. ನನ್ನ ಮುಖ ನೋಡಲಿಲ್ಲ.

"ಆ ನೂಲು... ಖರೇನ ಸುಟ್ಟಿಯೇನವಾ?"

ಆಣೆ ಮುರಿದದ್ದು ತಿಳಿದರೆ ವ್ರತ ಕೆಡಿಸಿದೆ ಎಂದು ನೊಂದುಕೊಳ್ಳುತ್ತಾರೆ ಎಂದು ಹೆದರಿದೆ. ಟ್ರಂಕು ನನ್ನಿಂದ ಐದು ಹೆಜ್ಜೆ ದೂರದಲ್ಲಿತ್ತು.

"ಅವತ್ತ ಸುಟ್ಟೇನ್ರಿ ಕಾಕು," ಎಂದೆ.

"ಚಲೋ ಆತು ಬಿಡು."

ಬಾಗಿಲ ಚೌಕಟ್ಟು ಹಿಡಿದು ಸ್ವಲ್ಪ ಹೊತ್ತು ನಿಂತಿದ್ದು ಹೋದರು. ಮರುದಿನ ಅವರ ಮನೆ ತೆರೆದೇ ಇತ್ತು, ಒಳಗೆ ಯಾರೂ ಇರಲಿಲ್ಲ. ಮುಶಿಗೇರಿಯ ತೋಟಕ್ಕೆ ನಾನೇ ಹೋಗಿ ಕೇಳಿದೆ, ಅಲ್ಲಿಗೂ ಬಂದಿರಲಿಲ್ಲ. ಎಷ್ಟು ಹುಡುಕಿದರೂ ಸಿಗಲಿಲ್ಲ. ಆ ದಿನ ಅವರು ಮಗಳ ಗಂಟುಗಳನ್ನು ಬೇಡಲು ಬಂದಿದ್ದರು ಎಂಬುದು ನನಗೆ ಹೊಳೆದದ್ದು ನಾನೂ ಒಬ್ಬ ಮಗಳ ತಾಯಿಯಾದ ಮೇಲೆ.

ಈಗ ಅಲ್ಲಿ ಬೇರೆಯವರಿದ್ದಾರೆ. ಮಗ್ಗದ ಕುಣಿ ಮುಚ್ಚಿ ಫರಸಿ ಕಲ್ಲು ಹಾಕಿದ್ದಾರೆ. ಆದರೂ ಮಧ್ಯಾಹ್ನ ಓಣಿ ಸುಮ್ಮನಾದಾಗ ಗೋಡೆಯಾಚೆ ಸಪ್ಪಳ ಕೇಳಿಸುತ್ತದೆ, ಕೈಯಲ್ಲಿದ್ದ ಕೆಲಸ ಬಿಟ್ಟು ನಿಲ್ಲುತ್ತೇನೆ. ಮೊನ್ನೆಯೂ ಕೇಳಿಸಿತು... ಕೇಳಿಸುತ್ತಿದ್ದಂತೆಯೇ ನಿಂತಿತು. ಪೊಟ್ಟಣ ಹಿಡಿದುಕೊಂಡು ಹೋಗಿ ಹಿತ್ತಲ ಬಾಗಿಲು ತೆರೆದೆ.

"ಸುಟ್ಟಿಲ್ರಿ ಕಾಕು. ಇಲ್ಲೇ ಐತಿ," ಎಂದೆ.

ಬಾಗಿಲಲ್ಲಿ ಯಾರೂ ಇರಲಿಲ್ಲ.